ಆರಿದ್ರಾ ಮಂಕಾದ ಚಳಿಗಾಲ

ನಮ್ಮ ಕಡೆ ಆರಿದ್ರಾ ಅಂದ್ರೆ ಮೊದಲು ನೆನಪಾಗುವುದು ಮಳೆ. ಜೂನ್ 22ರ ಹೊತ್ತಿಗೆ ಹುಟ್ಟುತ್ತದೆ, ಹದಿಮೂರು ಹದಿನಾಲ್ಕು ದಿನ ಬಿಡದೆ ಹೊಯ್ಯುತ್ತದೆ, ಅದು ಜೋರಾಗುವುದರೊಳಗೆ ಅಡಿಕೆ ಕೊನೆಗೆ ಮದ್ದು ಹೊಡೆದು ಮುಗಿಸದಿದ್ದರೆ ಕೊಳೆ ಬಂದು ಎಳೆಕಾಯಿ ಎಲ್ಲ ಮರದ ಬುಡಕ್ಕೆ. ಆರಿದ್ರಾ ಒಂದು ನಕ್ಷತ್ರ ಅನ್ನುವುದು ಶಿರಸಿ ಸೀಮೆಯಲ್ಲಿ ಯಾರಿಗೂ ಗೊತ್ತಿಲ್ಲದ ವಿಷಯ ಏನಲ್ಲ. ಆದರೆ ತಲೆ ಎತ್ತಿ ಅದನ್ನು ನೋಡಿದವರು ಕಡಿಮೆ. ನೋಡೋಣ ಅಂದ್ರೂ ಅದರ ಮಳೆ ಹೊಯ್ಯುವಾಗ ಅದು ಕಾಣುವುದಿಲ್ಲ. ಸೂರ್ಯ ಆಗ ಅದರ ಕಡೆಗೇ ಬಂದಿರುತ್ತಾನೆ, ಅದಕ್ಕೇ ಆ ಮಳೆಗೆ ಆ ಹೆಸರು. ಆರಿದ್ರಾ ಕಣ್ಣಿಗೆ ಬೀಳಬೇಕಂದ್ರೆ ಚಳಿಗಾಲ ಬರಬೇಕು, ಅಂದ್ರೆ ಅಡಿಕೆ ಕೊಯ್ಲು ಬರಬೇಕು.

2019ರ ಡಿಸೆಂಬರಿನಲ್ಲಿ ಒಂದು ಸುದ್ದಿ ಬಂತು. ಅಮೆರಿಕದ ವಿಲನೋವಾ ವಿಶ್ವವಿದ್ಯಾಲಯದ ಎಡ್ವರ್ಡ್ ಗಿನಾನ್ ಮತ್ತು ಜೊತೆಯವರು ಬೀಟಲ್‌ಜ್ಯೂಸ್ ನಕ್ಷತ್ರ ತುಂಬಾ ಮಂಕಾಗುತ್ತಿದೆ ಅಂತ ವರದಿ ಮಾಡಿದ್ದರು. ಬೀಟಲ್‌ಜ್ಯೂಸ್ ಅಂದ್ರೆ ನಮ್ಮ ಆರಿದ್ರಾನೇ. ಟೀವಿಯವರನ್ನು ಕೇಳಬೇಕಾ? ಇನ್ನೇನು ಸಿಡಿದೇಬಿಡುತ್ತೆ, ಆಕಾಶದಲ್ಲಿ ಎರಡನೇ ಸೂರ್ಯ ಅಂತ ಶುರು ಹಚ್ಚಿಕೊಂಡರು. ನನಗೆ ಸಿಡಿಯೋದಕ್ಕಿಂತ ಬೇರೆಯೇ ಕುತೂಹಲ. ಮಂಕಾಗಿದ್ದು ನಿಜವಾದರೆ ಬರಿಗಣ್ಣಿಗೇ ಗೊತ್ತಾಗಬೇಕಲ್ವಾ? ಖಗೋಳದ ಸುದ್ದಿ ಅಂದ್ರೆ ಸಾಮಾನ್ಯವಾಗಿ ಯಾರೋ ಎಲ್ಲೋ ದೊಡ್ಡ ದೂರದರ್ಶಕದಲ್ಲಿ ನೋಡಿ ಹೇಳಿದ್ದನ್ನು ನಾವು ನಂಬಬೇಕು. ಇದು ಹಾಗಲ್ಲ, ಮನೆ ಅಂಗಳದಲ್ಲೇ ಪರೀಕ್ಷೆ ಮಾಡಬಹುದಾದ ಸುದ್ದಿ.

ನಾನಿರುವುದು ಕಾರವಾರದಲ್ಲಿ. ಅಲ್ಲಿ ಟಾಗೋರ್ ಬೀಚಿಗೆ ಹೋಗಿ ನಿಂತರೆ ಆರಿದ್ರಾ ಇರುವ ನಕ್ಷತ್ರಪುಂಜ ಮಹಾವ್ಯಾಧ ಹುಟ್ಟುವ ಪೂರ್ವಕ್ಕೆ ಹೆದ್ದಾರಿ ದೀಪ, ಕತ್ತಲಿರುವ ಪಶ್ಚಿಮಕ್ಕೆ ಬೋಟುಗಳ ದೀಪ. ಸುಮ್ನೆ ಗಾಳಿ ತಿಂದು ವಾಪಸ್ ಬರುವುದಾಗುತ್ತಿತ್ತು. ಹಾಗಾಗಿ ಜನವರಿ 26ರ ಭಾನುವಾರ ಕೊಯ್ಲಿಗೆ ಅಂತ ಶಿರಸಿ ಹತ್ತಿರದ ನಮ್ಮೂರಿಗೆ ಹೋದಾಗ ಅಡಿಕೆಗಿಂತ ಆಕಾಶದ ಮೇಲೇ ಕಣ್ಣಿತ್ತು. ಅಮಾವಾಸ್ಯೆ ಆಗಷ್ಟೇ ಕಳೆದಿತ್ತು, ಚಂದ್ರನ ಕಾಟ ಇರಲಿಲ್ಲ.

ರಾತ್ರಿ ಊಟ ಮುಗಿದು ಜಗಲಿಯಲ್ಲಿ ಸುಲಿಯುವವರು ಸಾಲಾಗಿ ಕೂತಿದ್ದರು. ಹಸಿ ಅಡಿಕೆ ಸುಲಿಯುವುದನ್ನು ಹತ್ತಿರದಿಂದ ನೋಡಬೇಕು. ಕತ್ತಿಯ ಮೊನೆಗೆ ಕಾಯಿ ಒತ್ತಿ ಒಂದು ತಿರುವು, ಅರ್ಧ ಸಿಪ್ಪೆ ಹಾರಿತು, ಇನ್ನೊಂದು ತಿರುವು, ಅಡಿಕೆ ಡಬ್ಬಿಗೆ ಬಿತ್ತು. ಕಣ್ಣು ಕತ್ತಿಯ ಮೇಲೆ ಇರುವುದೇ ಇಲ್ಲ, ಬಾಯಿ ತುಂಬಾ ಊರ ಸುದ್ದಿ. ಬೆರಳ ತುದಿಗಳೆಲ್ಲ ಚೊಗರು ಹಿಡಿದು ಕಪ್ಪು. ನನ್ನಂಥವರು ಕೂತರೆ ಕೆಲಸಕ್ಕಿಂತ ಗಾಯ ಜಾಸ್ತಿ, ಅದಕ್ಕೇ ಮನೆಯಲ್ಲಿ ನನಗೆ ಖಾಯಂ ಕೊಟ್ಟ ಕೆಲಸ ಬೇರೆ: ಬೇಯಿಸಿ, ಒಣಗಲು ಬಯಲಲ್ಲಿ ಕಟ್ಟಿದ ಅಟ್ಟದ ಮೇಲೆ ಹರವಿದ ಅಡಿಕೆಗೆ ಇಬ್ಬನಿ ಬೀಳದ ಹಾಗೆ ತಾಡಪಾಲು ಮುಚ್ಚುವುದು. ಅಟ್ಟದ ಮೇಲೆ ಇಡೀ ಆಕಾಶ ಬಯಲು. ಇದಕ್ಕಿಂತ ಒಳ್ಳೆಯ ವೀಕ್ಷಣಾಲಯ ಯಾರು ಕಟ್ಟಿಕೊಡುತ್ತಾರೆ!

ಅಕ್ಕನ ಮಗಳು ಧ್ವಜಾರೋಹಣ ಮುಗಿಸಿ ಮಧ್ಯಾಹ್ನವೇ ಬಂದಿದ್ದಳು. ಅವಳೂ ಏಣಿ ಹತ್ತಿ ಬಂದಳು. ಮಂಕಾದ ಸುದ್ದಿ ಅವಳಿಗೆ ಹೇಳಿರಲಿಲ್ಲ, ಬೇಕಂತಲೇ. ಮೊದಲೇ ಹೇಳಿಬಿಟ್ಟರೆ ಕಣ್ಣಿಗೆ ಮಂಕಾಗಿಯೇ ಕಾಣುತ್ತದೆ. ನನ್ನ ಕಣ್ಣು ಆಗಲೇ ಕೆಟ್ಟಿತ್ತು ಅನ್ನಿ, ಸುದ್ದಿ ಓದಿದ ಕಣ್ಣು.

ತಲೆ ಉತ್ತರಕ್ಕೆ, ಕಾಲು ದಕ್ಷಿಣಕ್ಕೆ ಮಾಡಿ ಇಬ್ಬರೂ ಮಲಗಿದೆವು. ಒಂಬತ್ತೂವರೆ ಆಗಿರಬಹುದು, ನೆತ್ತಿಯಿಂದ ಸ್ವಲ್ಪ ದಕ್ಷಿಣಕ್ಕೆ ಇಡೀ ಮಹಾವ್ಯಾಧ ಕಾಣುತ್ತಿತ್ತು. ನಡುವೆ ಓರೆಯಾಗಿ ಮೂರು ನಕ್ಷತ್ರ, ಮಿಂಟಕ, ಅಲ್ನಿಲಮ್, ಅಲ್ನಿಟಕ್. ಅವನ್ನು ಹುಡುಕಿದರೆ ಉಳಿದದ್ದೆಲ್ಲ ಸಿಕ್ಕಿದ ಹಾಗೇ. ಕೆಳಗೆ ಬಲಕ್ಕೆ ನೀಲಿಬಿಳುಪಿನ ರೈಜೆಲ್, ಎಡಕ್ಕೆ ಸೈಫ್. ಮೇಲೆ ಬಲಕ್ಕೆ ಬೆಲಾಟ್ರಿಕ್ಸ್, ಎಡಕ್ಕೆ ಆರಿದ್ರಾ. ಅವುಗಳ ಮೇಲೆ ತಲೆ ಇರುವ ಜಾಗದಲ್ಲಿ ಪುಟ್ಟ ಮೂರು ಚುಕ್ಕಿಗಳ ಗೊಂಚಲು, ಅದೇ ಮೃಗಶಿರ, ಆರಿದ್ರಾಕ್ಕಿಂತ ಮುಂಚೆ ಬರುವ ಮಳೆಯ ಯಜಮಾನ. ಆ ಮೂರು ನಕ್ಷತ್ರಗಳ ಗೆರೆಯನ್ನೇ ಬಲಕ್ಕೆ ಮೇಲೆ ಎಳೆದರೆ ರೋಹಿಣಿ ಹತ್ತಿರ ಹೋಗುತ್ತದೆ, ಎಡಕ್ಕೆ ಕೆಳಗೆ ಎಳೆದರೆ ರಾತ್ರಿ ಆಕಾಶದಲ್ಲೇ ಎಲ್ಲಕ್ಕಿಂತ ಪ್ರಖರವಾದ ಲುಬ್ಧಕ.

"ಮಾವ, ಅದೆಂತಕ್ಕೆ ಕೆಂಪು, ಇದೆಂತಕ್ಕೆ ನೀಲಿ?" ಅಂತ ಕೇಳಿದಳು. ಗ್ಯಾಸ್ ಒಲೆಯ ನೀಲಿ ಉರಿ, ಕೆಳಗೆ ಅಡಿಕೆ ಬೇಯಿಸಿದ ಹಂಡೆ ಒಲೆಯ ಕೆಂಪು ಕೆಂಡ, ಯಾವುದು ಜಾಸ್ತಿ ಬಿಸಿ ಅಂತ ನಾನು ತಿರುಗಿ ಕೇಳಿದೆ. ರೈಜೆಲ್‌ನ ಮೇಲ್ಮೈ ಸುಮಾರು 12,000 ಡಿಗ್ರಿ, ಆರಿದ್ರಾದ್ದು 3,500ರ ಆಸುಪಾಸು. ತಣ್ಣಗಿದ್ದರೂ ಆರಿದ್ರಾ ಸಣ್ಣದಲ್ಲ, ತಂದು ಸೂರ್ಯನ ಜಾಗದಲ್ಲಿಟ್ಟರೆ ಭೂಮಿಯನ್ನು ನುಂಗಿ ಮಂಗಳ ಗ್ರಹದ ಆಚೆಗೂ ಚಾಚುತ್ತದೆ.

ಆಮೇಲೆ ಪರೀಕ್ಷೆ. ಎರಡೆರಡೇ ನಕ್ಷತ್ರ ತೋರಿಸಿ ಯಾವುದು ಜಾಸ್ತಿ ಹೊಳೆಯುತ್ತದೆ ಹೇಳು ಅಂದೆ. ರೈಜೆಲ್ ಮತ್ತು ಆರಿದ್ರಾ? ಕೇಳುವುದೇ ಬೇಡ, ರೈಜೆಲ್. ರೋಹಿಣಿ ಮತ್ತು ಆರಿದ್ರಾ? ಸ್ವಲ್ಪವೂ ತಡವರಿಸದೆ ರೋಹಿಣಿ ಅಂದಳು. ನನಗೆ ಮೈ ಜುಮ್ಮೆಂದಿತು, ಯಾಕಂದ್ರೆ ಸಾಮಾನ್ಯವಾಗಿ ರೋಹಿಣಿಗಿಂತ ಆರಿದ್ರಾದ್ದೇ ಒಂದು ಕೈ ಮೇಲು. ಕೊನೆಗೆ ಬೆಲಾಟ್ರಿಕ್ಸ್. ಹೊಳಪಿನಲ್ಲಿ ಅದು ಯಾವತ್ತೂ ಆರಿದ್ರಾದ ಹತ್ತಿರ ಸುಳಿಯುವ ನಕ್ಷತ್ರವೇ ಅಲ್ಲ. ಅವಳು ತುಂಬಾ ಹೊತ್ತು ನೋಡಿ, ಒಂದು ಕಣ್ಣು ಮುಚ್ಚಿ ನೋಡಿ, "ಎರಡೂ ಒಂದೇ ನಮನಿ ಇದ್ದು ಮಾವ, ಕೆಂಪಿಂದು ಚೂರೇ ಚೂರು ಜಾಸ್ತಿ" ಅಂದಳು. ಆ ದಿನಗಳಲ್ಲಿ ಖಗೋಳಜ್ಞರು ಅಳೆದು ಹೇಳುತ್ತಿದ್ದದ್ದೂ ಹೆಚ್ಚುಕಡಿಮೆ ಅದೇ. ಆರಿದ್ರಾದ ಮಾಮೂಲಿ ಬೆಳಕಿನಲ್ಲಿ ಅರ್ಧಕ್ಕಿಂತ ಕಡಿಮೆ ಉಳಿದಿತ್ತು.

ನಮ್ಮ ಗಲಾಟೆ ಕೇಳಿ ದೊಡ್ಡಪ್ಪನೂ ಮೇಲೆ ಬಂದ. ಈ ವಯಸ್ಸಲ್ಲಿ ಏಣಿ ಹತ್ತಬೇಡ ಅಂತ ಕೆಳಗಿಂದ ದೊಡ್ಡಮ್ಮ ಕೂಗುತ್ತಲೇ ಇದ್ದಳು. "ಇದನಾ ಆರಿದ್ರೆ? ಇಷ್ಟು ಸಣ್ಣದನಾ?" ಅಂತ ಸ್ವಲ್ಪ ನಿರಾಸೆಯಿಂದಲೇ ನೋಡಿದ. ವಿಷಯ ಹೇಳಿದೆ. ಕೂಡಲೇ ಬಂದ ಪ್ರಶ್ನೆ, "ಹಂಗಾರೆ ಈ ವರ್ಷ ಆರಿದ್ರೆ ಮಳೆ ಕಡಿಮೆ ಆಗ್ತನಾ?" ಅದಕ್ಕೂ ಇದಕ್ಕೂ ಸಂಬಂಧ ಇಲ್ಲ, ಮಳೆಯ ಹೆಸರು ಸೂರ್ಯನ ಲೆಕ್ಕ ಅಂದೆ. "ಕಡಿಮೆ ಆದ್ರೂ ಅಡ್ಡಿಲ್ಲೆ ತಮಾ, ಹೋದ ವರ್ಷದ್ದು ಸಾಕಾಯ್ದು" ಅಂದ. 2019ರ ಆಗಸ್ಟಿನ ನೆರೆ ಯಾರೂ ಮರೆತಿರಲಿಲ್ಲ.

ಪುರಾಣದ ಲೆಕ್ಕದಲ್ಲಿ ದೊಡ್ಡಪ್ಪ ನನಗಿಂತ ಗಟ್ಟಿ. ಜಿಂಕೆಯಾಗಿ ರೋಹಿಣಿಯ ಬೆನ್ನು ಹತ್ತಿದ ಪ್ರಜಾಪತಿ, ಅವನಿಗೆ ಬಾಣ ಬಿಟ್ಟ ಬೇಟೆಗಾರ ಲುಬ್ಧಕ, ನಡುವಿನ ಮೂರು ನಕ್ಷತ್ರವೇ ಆ ಬಾಣ, ಆರಿದ್ರಾಕ್ಕೆ ರುದ್ರ ದೇವತೆ ಅಂತ ಎಲ್ಲ ಮೊಮ್ಮಗಳಿಗೆ ಹೇಳಿದ. ಕತೆ ಕೇಳುತ್ತಾ ಆಕಾಶ ನೋಡಿದರೆ ಎಲ್ಲ ಒಂದೇ ಗೆರೆಯಲ್ಲಿ ಕೂತಿವೆ, ರೋಹಿಣಿ, ಬಾಣ, ಲುಬ್ಧಕ. ಗ್ರೀಕರು ಇದೇ ನಕ್ಷತ್ರಗಳಲ್ಲಿ ಬೇಟೆಗಾರನನ್ನೇ ಕಂಡರು. ನನಗೆ ಕೇಳಿದರೆ ನಮ್ಮವರ ಕತೆಯೇ ಆಕಾಶಕ್ಕೆ ಚೆನ್ನಾಗಿ ಹೊಂದುತ್ತದೆ.

ಸಿಡಿಯುವ ವಿಷಯಕ್ಕೆ ಬಂದಾಗ ದೂರದ ಮಾತು ಬಂತು. ಆರಿದ್ರಾ ಇರುವುದು 500ರಿಂದ 700 ಜ್ಯೋತಿರ್ವರ್ಷಗಳ ನಡುವೆ ಎಲ್ಲೋ, ಅಂದ್ರೆ ಅಲ್ಲಿಂದ ಬೆಳಕು ಬರಲು ಅಷ್ಟು ವರ್ಷ ಬೇಕು, ಹಾಗಾಗಿ ನಾವು ನೋಡುತ್ತಿರುವ ಈ ಮಂಕುತನವೂ ವಿಜಯನಗರದ ಕಾಲದ ಆಸುಪಾಸಿನದು. ಸಿಡಿಯುವುದು ಖಂಡಿತ, ಆದರೆ ಅದಕ್ಕೆ ಇನ್ನೂ ಒಂದು ಲಕ್ಷ ವರ್ಷ ಬೇಕಾದರೂ ಆಗಬಹುದು. ಇದು ಯಾವುದೂ ದೊಡ್ಡಪ್ಪನ ಮನಸ್ಸಿಗೆ ಹಿಡಿಸಲಿಲ್ಲ. ಬೆಲಾಟ್ರಿಕ್ಸ್ ಸುಮಾರು 250 ಜ್ಯೋತಿರ್ವರ್ಷ ದೂರ, ಅದರ ಬೆಳಕು ಹೊರಟಿದ್ದು ಹೈದರಾಲಿ ನಮ್ಮ ಸೋಂದೆಯನ್ನು ಹಿಡಿದ ಕಾಲದ ಹತ್ತಿರ ಅಂದಾಗ ಮಾತ್ರ ಎದ್ದು ಕೂತ. ಆಮೇಲೆ ಆರಿದ್ರಾದ ಕಡೆ ತಿರುಗಿಯೂ ನೋಡಲಿಲ್ಲ. ಯಾವುದಾ ಅದು ಸೋಂದೆ ನಕ್ಷತ್ರ ಅಂತ ಎರಡೆರಡು ಸಲ ಕೇಳಿ ಗುರುತು ಮಾಡಿಕೊಂಡು ಇಳಿದು ಹೋದ.

ಫೆಬ್ರವರಿಯಲ್ಲಿ ಆರಿದ್ರಾ ಇನ್ನೂ ಚೂರು ಇಳಿದು, ಆಮೇಲೆ ಏರತೊಡಗಿತು. ಅಷ್ಟರಲ್ಲಿ ಲಾಕ್‌ಡೌನ್ ಬಂತು, ನಾನು ಊರಲ್ಲೇ ಉಳಿದೆ. ಏಪ್ರಿಲ್ ಸಂಜೆಗಳಲ್ಲಿ ಪಶ್ಚಿಮದ ಗುಡ್ಡದ ಮೇಲೆ ನೋಡಿದರೆ ರೋಹಿಣಿ ಮತ್ತೆ ಹಿಂದೆ ಬಿದ್ದಿತ್ತು. ಕಾರಣ ಸ್ಪಷ್ಟವಾಗಲು 2021 ಬರಬೇಕಾಯಿತು. ಚಿಲಿಯ ದೊಡ್ಡ ದೂರದರ್ಶಕದಲ್ಲಿ ತೆಗೆದ ಚಿತ್ರಗಳಲ್ಲಿ ನಕ್ಷತ್ರದ ದಕ್ಷಿಣ ಭಾಗವಷ್ಟೇ ಕಪ್ಪಾಗಿತ್ತು. ಆರಿದ್ರಾ ಒಂದಷ್ಟು ಅನಿಲವನ್ನು ಹೊರಗೆ ಉಗುಳಿತ್ತು, ಮೇಲ್ಮೈಯ ಒಂದು ಭಾಗ ತಣ್ಣಗಾದಾಗ ಆ ಅನಿಲ ದೂಳಾಗಿ ನಮಗೆ ಅಡ್ಡ ಬಂದಿತ್ತು. ಅದರ ಬೆಳಕು ಏರಿಳಿಯುವುದು ಹೊಸದೇನಲ್ಲ. 1836ರಲ್ಲೇ ಜಾನ್ ಹರ್ಷೆಲ್ ಅದನ್ನು ಬರಿಗಣ್ಣಲ್ಲಿ ಗುರುತಿಸಿದ್ದರು, ಅವರ ಉಪಾಯವೂ ಅಕ್ಕಪಕ್ಕದ ನಕ್ಷತ್ರಗಳ ಜೊತೆ ಹೋಲಿಸಿ ನೋಡುವುದೇ. ಅವರಿಗೆ ತಾಡಪಾಲು ಮುಚ್ಚುವ ಕೆಲಸ ಇರಲಿಲ್ಲ ಅಷ್ಟೇ.

ಆ 2020ರ ಜೂನ್ 21ಕ್ಕೆ ಸೂರ್ಯಗ್ರಹಣ. ಮೃಗಶಿರ ಮುಗಿದು ಆರಿದ್ರಾ ಹುಟ್ಟುವ ಹೊತ್ತು, ಸೂರ್ಯ ಸರಿಯಾಗಿ ಮಹಾವ್ಯಾಧನ ತಲೆ ಮೇಲೆ ಬಂದಿದ್ದ. ನಮ್ಮ ಕಡೆ ಖಂಡಗ್ರಹಣ, ಅದೂ ಮೋಡದ ಸಂದಿಯಲ್ಲಿ ಆಗಾಗ. ಅಕ್ಕನ ಮಗಳು ಶಿರಸಿಯಿಂದ ಫೋನ್ ಮಾಡಿ "ಈಗ ಆರಿದ್ರಾ ಎಲ್ಲಿದ್ದು ಮಾವ?" ಅಂದಳು. ಕೈ ಚಾಚಿ ಸೂರ್ಯನಿಂದ ದಕ್ಷಿಣಕ್ಕೆ ಒಂದೂವರೆ ಮುಷ್ಟಿ ಅಳತೆ ಮಾಡು, ಅಲ್ಲೇ ಇದೆ, ಹಗಲು ಅಂತ ಕಾಣುವುದಿಲ್ಲ ಅಂದೆ. ಗ್ರಹಣ ಬಿಟ್ಟಮೇಲೆ ಮಿಂದು ಬಂದ ದೊಡ್ಡಪ್ಪ ಇದನ್ನೆಲ್ಲ ಕೇಳಿಸಿಕೊಳ್ಳುತ್ತಿದ್ದ.

"ನಕ್ಷತ್ರ ಸರಿ ಆತಲಾ, ಇನ್ನು ಮಳೆ ಬಿಡ್ತಿಲ್ಲೆ" ಅಂದ. "ಮೇಲಿನ ತೋಟಕ್ಕೆ ಮದ್ದು ಹೊಡೆದು ಆಜಿಲ್ಲೆ. ಮೈಲುತುತ್ತ ತಂದ್ಯನಾ?"