ಮಾಂಡ್ವಿಗೆ ಹಡಗು ನೋಡಲು ಹೋಗುವವರು ಲಾಭ ಪಂಚಮಿ ಕಳೆದ ಮೇಲೆ ಹೋಗಿ

ಗುಜರಾತಿನ ಕಚ್ಛದ ಮಾಂಡ್ವಿಯಲ್ಲಿ ಈಗಲೂ ಹಾಯಿಹಡಗು ಕಟ್ಟುತ್ತಾರೆ ಅಂತ ಯಾರಾದರೂ ಹೇಳಿದರೆ ಅರ್ಧ ಮಾತ್ರ ನಂಬಿ. ಹಡಗು ಕಟ್ಟುವುದು ನಿಜ. ಮರದಲ್ಲೇ, ಕೈಯಲ್ಲೇ, ನದಿ ದಂಡೆಯ ಬಯಲಲ್ಲೇ ಕಟ್ಟುವುದೂ ನಿಜ. ಹಾಯಿ ಮಾತ್ರ ಇಲ್ಲ, ಎಲ್ಲವೂ ಡೀಸೆಲ್ ಎಂಜಿನ್. ನನಗೆ ಇದು ಅಲ್ಲಿಗೆ ಹೋದ ಮೇಲೆ ಗೊತ್ತಾಯಿತು.

ನಮ್ಮಮ್ಮನ ಅಪ್ಪ, ಗಂಗೊಳ್ಳಿಯ ಅಜ್ಜ, ಹರೆಯದಲ್ಲಿ ಮಂಜಿಯಲ್ಲಿ, ಅಂದರೆ ಸರಕಿನ ಮರದ ಹಡಗಿನಲ್ಲಿ, ಹೆಂಚು ತುಂಬಿಕೊಂಡು ಮುಂಬಯಿ ಕಡೆ ಹೋಗುತ್ತಿದ್ದವರು. ಆಗ ಮಂಜಿಗೆ ಎಂಜಿನ್ ಇರಲಿಲ್ಲ, ಹಾಯಿಯೇ ಗತಿ. ದಾರಿಯಲ್ಲಿ ಸಿಗುತ್ತಿದ್ದ ಕಚ್ಛಿಯವರ ಹಡಗಿನ ಬಗ್ಗೆ ಅವರು ಹೇಳುತ್ತಿದ್ದುದು ಒಂದೇ ಮಾತು, "ಅದರ ಹಿಂಭಾಗ ನೋಡಬೇಕು, ದೇವಸ್ಥಾನದ ಬಾಗಿಲಿನ ಹಾಗೆ ಕೆತ್ತನೆ." ಆ ಹಡಗಿನ ಹೆಸರು ಕೋಟಿಯಾ ಅಂತ ನಮಗೆ ಆಮೇಲೆ ತಿಳಿಯಿತು. ಕಳೆದ ದೀಪಾವಳಿ ರಜೆಯಲ್ಲಿ, ಅಂದರೆ 2025ರ ಅಕ್ಟೋಬರ್‌ನಲ್ಲಿ, ನಾನು ಮತ್ತು ತಮ್ಮ ಹೊರಟೆವು. ದೀಪಾವಳಿ ರಜೆ ಆರಿಸಿಕೊಂಡದ್ದೇ ಮೊದಲ ತಪ್ಪು.

ಬೆಂಗಳೂರಿನಿಂದ ಹುಬ್ಬಳ್ಳಿ, ಬೆಳಗಾವಿ, ಪುಣೆ ಮೇಲೆ ಗಾಂಧಿಧಾಮಕ್ಕೆ ವಾರಕ್ಕೊಂದು ರೈಲು ಇದೆ. ಎರಡು ರಾತ್ರಿ ಕಳೆಯಬೇಕು, ಆದರೆ ಮಲಗಿಕೊಂಡು ಹೋಗಬಹುದು. ಹಬ್ಬಕ್ಕೆ ಅದರಲ್ಲಿ ಸೀಟು ಸಿಗಲಿಲ್ಲ. ಅಹಮದಾಬಾದ್‌ವರೆಗೆ ವಿಮಾನ ಹತ್ತಿ, ಅಲ್ಲಿಂದ ಭುಜ್‌ಗೆ ರಾತ್ರಿಯ ಸ್ಲೀಪರ್ ಬಸ್ ಹಿಡಿದೆವು. ಸುಮಾರು 330 ಕಿಲೋಮೀಟರ್. ಕೆಳಗಿನ ಬರ್ತ್‌ಗೆ ದುಡ್ಡು ಕಟ್ಟಿದ್ದೆವು. ಹತ್ತಿದ ಮೇಲೆ, "ಅದರಲ್ಲಿ ವಯಸ್ಸಾದವರು ಇದ್ದಾರೆ, ನೀವು ಮೇಲೆ ಹೋಗಿ" ಅಂದರು. ಆಯಿತು ಅಂತ ಹತ್ತಿದರೆ ಎಸಿಯ ನೀರು ತೊಟ್ಟು ತೊಟ್ಟಾಗಿ ನನ್ನ ಎಡಗಿವಿಗೇ ಬೀಳುತ್ತಿತ್ತು. ರಾತ್ರಿಯೆಲ್ಲಾ ಆ ತೂತಿಗೆ ಕರವಸ್ತ್ರ ಒತ್ತಿಕೊಂಡು ಮಲಗಿದೆ. ಬೆಳಗಿನ ನಾಲ್ಕಕ್ಕೆ ಭಚಾವು ಅನ್ನುವ ಊರಲ್ಲಿ ಎಬ್ಬಿಸಿ, "ಭುಜ್‌ನವರೆಲ್ಲ ಇಳೀರಿ, ಈ ಬಸ್ ಮುಂದ್ರಾಕ್ಕೆ ಹೋಗ್ತದೆ" ಅಂತ ಒಂದು ಜೀಪಿನ ಹತ್ತಿರ ಬಿಟ್ಟರು. ಒಳಗೆ ಹನ್ನೊಂದು ಜನ, ಚಾವಣಿಯ ಮೇಲೆ ನಮ್ಮ ಬ್ಯಾಗು. ಟಿಕೆಟ್ ಮಾಡಿಸುವಾಗಲೇ ಬಸ್ಸಿನ ಕೊನೆಯ ನಿಲ್ದಾಣ ಯಾವುದು ಅಂತ ಕೇಳಿ. ಭುಜ್ ಕೊನೆಯ ನಿಲ್ದಾಣವಾಗಿದ್ದರೆ ಮಾತ್ರ ಹತ್ತಿ.

ಮಾಂಡ್ವಿಯಲ್ಲಿ ರೂಮಿಗೆ ಒಂದು ರಾತ್ರಿಗೆ 3,800 ರೂಪಾಯಿ ಕೊಟ್ಟೆವು. ಕಿಟಕಿ ತೆಗೆದರೆ ಪಕ್ಕದ ಕಟ್ಟಡದ ಗೋಡೆ. ಅದೇ ರೂಮು ಬೇರೆ ದಿನಗಳಲ್ಲಿ 1,200 ಅಂತ ಅಲ್ಲಿನ ಹುಡುಗನೇ ಆಮೇಲೆ ಬಾಯಿಬಿಟ್ಟ. ದೀಪಾವಳಿಯಿಂದ ಲಾಭ ಪಂಚಮಿವರೆಗೆ, ಅಂದರೆ ಹಬ್ಬ ಕಳೆದು ಬರುವ ಪಂಚಮಿಗೆ ವ್ಯಾಪಾರ ಮತ್ತೆ ಶುರುವಾಗುವವರೆಗೆ, ಗುಜರಾತಿನಲ್ಲಿ ಅಂಗಡಿ, ಕಾರ್ಖಾನೆ ಮುಚ್ಚಿ ಎಲ್ಲರೂ ಪ್ರವಾಸ ಹೊರಡುತ್ತಾರೆ. ಅವರಲ್ಲಿ ಅರ್ಧ ಜನ ಮಾಂಡ್ವಿ ಬೀಚಿನಲ್ಲೇ ಇದ್ದರು ಅನ್ನಿಸಿತು. ಒಂಟೆ, ಕುದುರೆ, ನಾಲ್ಕು ಚಕ್ರದ ಮರಳು ಬೈಕು, ಧ್ವನಿವರ್ಧಕ. ನನಗೆ ಗದ್ದಲ ಆಗುವುದಿಲ್ಲ, ಹತ್ತು ನಿಮಿಷಕ್ಕೆ ತಿರುಗಿ ಬಂದೆ. ಗದ್ದಲ ಇಷ್ಟ ಇರುವವರಿಗೆ ಅದು ಸ್ವರ್ಗ ಇರಬಹುದು. ಊರಿನ ವಿಜಯ ವಿಲಾಸ ಅರಮನೆಗೂ ಹೋಗಲಿಲ್ಲ.

ಹಡಗು ಕಟ್ಟುವ ಜಾಗ ರುಕ್ಮಾವತಿ ನದಿಯ ದಂಡೆ. ಊರೊಳಗೆ ಬರುವಾಗಲೇ ಸೇತುವೆಯಿಂದ ಕಾಣುತ್ತದೆ. ಮೂರು ಮಹಡಿ ಮನೆಯಷ್ಟು ಎತ್ತರದ ಮರದ ಒಡಲುಗಳು ಒಣ ನೆಲದ ಮೇಲೆ ಸಾಲಾಗಿ ನಿಂತಿವೆ, ಪಕ್ಕದಲ್ಲೇ ರಸ್ತೆ, ರಸ್ತೆಯಲ್ಲಿ ಎಮ್ಮೆ. ನಾವು ಓಡಿಕೊಂಡು ಹೋದರೆ ಒಬ್ಬ ಮನುಷ್ಯ ರಸೀದಿ ಪುಸ್ತಕ ಹಿಡಿದು ಎದ್ದು ಬಂದ. "ಯಾರ್ಡ್ ಪರ್ಮಿಷನ್, ತಲೆಗೆ ನೂರು." ಕೊಟ್ಟೆವು. ಒಳಗೆ ನರಪಿಳ್ಳೆ ಇಲ್ಲ. ಕೆಲಸದವರೆಲ್ಲ ಹಬ್ಬಕ್ಕೆ ಹೋಗಿದ್ದರು, ಒಂದು ನಾಯಿ ಹಡಗಿನ ನೆರಳಲ್ಲಿ ಮಲಗಿತ್ತು. ಅಲ್ಲಿ ಟಿಕೆಟ್ಟೂ ಇಲ್ಲ, ಪರ್ಮಿಷನ್ನೂ ಇಲ್ಲ ಅಂತ ಸಂಜೆ ಚಹಾ ಅಂಗಡಿಯಲ್ಲಿ ಗೊತ್ತಾಯಿತು. ಮಿಸ್ತ್ರಿಯನ್ನು, ಅಂದರೆ ಹಡಗು ಕಟ್ಟುವ ಮುಖ್ಯ ಬಡಗಿಯನ್ನು, ಕೇಳಿ ಒಳಗೆ ಹೋದರೆ ಸಾಕು. ಆ ರಸೀದಿ ಇನ್ನೂ ನನ್ನ ಪರ್ಸಿನಲ್ಲಿದೆ. ಯಾವುದೋ ಸಿಮೆಂಟ್ ಅಂಗಡಿಯದ್ದು!

ಮೂಡು ಕೆಟ್ಟಿತ್ತು. ಅದನ್ನು ಸರಿ ಮಾಡಿದ್ದು ಊಟ. ಬಂದರಿನ ಹಳೇ ಪೇಟೆಯ ಒಂದು ಗಲ್ಲಿಯಲ್ಲಿ, ಬೋರ್ಡೂ ಇಲ್ಲದ ಒಂದು ಊಟದ ಮನೆ. ಆರು ಮೇಜು. 120 ರೂಪಾಯಿಗೆ ಹೊಟ್ಟೆ ಬಿರಿಯುವಷ್ಟು. ಸಜ್ಜೆ ರೋಟ್ಲೋ, ನಮ್ಮ ಅಂಗೈಗಿಂತ ದಪ್ಪ, ಮಣ್ಣಿನ ಹೆಂಚಿನಲ್ಲಿ ಬೆಂದದ್ದು. ಅದನ್ನು ಮುರಿದು ನಡುವೆ ಒಂದು ಮುದ್ದೆ ಬೆಣ್ಣೆ ಇಟ್ಟುಕೊಡುತ್ತಾರೆ. ಪಕ್ಕದಲ್ಲಿ ಬೆಲ್ಲದ ಚೂರು, ಕೆಂಪು ಬೆಳ್ಳುಳ್ಳಿ ಚಟ್ನಿ, ಸುಟ್ಟ ಬದನೆಕಾಯಿಯ ಗೊಜ್ಜು, ಸೇವ್ ಹಾಕಿದ ಟೊಮೆಟೊ ಪಲ್ಯ, ಕೊನೆಗೆ ಖಿಚಡಿ-ಕಢಿ. ಮಜ್ಜಿಗೆ ಲೋಟದಲ್ಲಿ ಅಲ್ಲ, ಚೊಂಬಿನಲ್ಲಿ. ಉತ್ತರ ಕರ್ನಾಟಕದವರಿಗೆ ಸಜ್ಜೆ ಹೊಸದಲ್ಲ. ನಮ್ಮಂಥ ಕುಚ್ಚಲಕ್ಕಿ ಜನಕ್ಕೆ ಮೊದಲ ತುತ್ತು ಗಂಟಲಲ್ಲಿ ನಿಂತಿತು, ಬೆಣ್ಣೆ ಸೇರಿದ ಎರಡನೆಯದು ತಾನೇ ಇಳಿಯಿತು. ಬಡಿಸುವ ಅಜ್ಜಿ "ಲ್ಯೋ, ಲ್ಯೋ" ಅನ್ನುತ್ತಾ ಕೈ ಅಡ್ಡ ಇಟ್ಟರೂ ಬಿಡುವುದಿಲ್ಲ. ತಮ್ಮ ಕಢಿಯನ್ನು ಐದು ಸಲ ಹಾಕಿಸಿಕೊಂಡ. ಆ ರೂಮಿಗೆ ಕೊಟ್ಟ ದುಡ್ಡಿನಲ್ಲಿ ಇಲ್ಲಿ ಮೂವತ್ತು ಊಟ ಮಾಡಬಹುದಿತ್ತು ಅಂತ ಅವನು ಲೆಕ್ಕ ಹಾಕಿ ಹೇಳಿ ನನ್ನ ಹೊಟ್ಟೆ ಉರಿಸಿದ. ಹಳೇ ಪೇಟೆಗೆ ಹೋಗಿ ಹಮಾಲಿಗಳು ಎಲ್ಲಿ ಉಣ್ಣುತ್ತಾರೆ ಅಂತ ಕೇಳಿ, ತೋರಿಸುತ್ತಾರೆ. ಮತ್ತೆ, ಪಾವ್ ಒಳಗೆ ಮಸಾಲೆ ಆಲೂಗಡ್ಡೆ ತುಂಬಿ ಕೊಡುವ ದಾಬೇಲಿ ಹುಟ್ಟಿದ ಊರು ಇದೇ. ಬೆಂಗಳೂರಿನ ದಾಬೇಲಿಯ ಸಿಹಿ ಇಲ್ಲಿ ಇಲ್ಲ, ಖಾರ ಮತ್ತು ಹುಣಸೆಹುಳಿ ಮುಂದೆ. ಸಂಜೆ ಗಾಡಿಯ ಹತ್ತಿರ ನಿಂತೇ ತಿನ್ನಿ, ಕಟ್ಟಿಸಿಕೊಂಡು ಹೋದರೆ ಪಾವ್ ಮೆತ್ತಗಾಗುತ್ತದೆ.

ಹಾಯಿಯ ವಿಷಯ ಬಿಡಿಸಿ ಹೇಳಿದವರು ಹಡಗಿನ ಮಾದರಿ ಮಾಡಿ ಮಾರುವ ಒಬ್ಬ ಹಿರಿಯರು. ಎಪ್ಪತ್ತು ದಾಟಿರಬೇಕು, ಹುಡುಗನಾಗಿದ್ದಾಗ ಹಾಯಿಯ ಹಡಗಿನಲ್ಲಿ ಅಡುಗೆ ಮಾಡಿಕೊಂಡು ಮಸ್ಕತ್‌ವರೆಗೆ ಹೋದವರು. ಅಂಗಡಿಯಲ್ಲಿದ್ದ ಕೋಟಿಯಾ ಮಾದರಿಯನ್ನು ಮಡಿಲಲ್ಲಿ ಇಟ್ಟುಕೊಂಡು ಹಿಂದಿಯಲ್ಲಿ ಪಾಠ ಮಾಡಿದರು. ಮೂತಿಯಲ್ಲಿ ಗಿಳಿಯ ತಲೆ, ಹಿಂದೆ ಅಜ್ಜ ಹೇಳಿದ ಕೆತ್ತನೆ. ಎರಡು ಹಾಯಿಕಂಬ, ಎರಡೂ ಸ್ವಲ್ಪ ಮುಂದಕ್ಕೆ ಬಾಗಿವೆ. ಕಂಬಕ್ಕೆ ಓರೆಯಾಗಿ ಕಟ್ಟಿದ ಅಡ್ಡಮರ ಕಂಬಕ್ಕಿಂತಲೂ ಉದ್ದ. ಅಷ್ಟುದ್ದದ ಮರ ಸಿಗುವುದಿಲ್ಲ, ಹಾಗಾಗಿ ಎರಡು ಮೂರು ತುಂಡು ಸೇರಿಸಿ ಹಗ್ಗದಲ್ಲಿ ಬಿಗಿಯುವುದು. ಅದರಿಂದ ಇಳಿಬಿದ್ದ ಹಾಯಿ ಹೆಚ್ಚುಕಡಿಮೆ ಮೂರು ಮೂಲೆಯದು.

"ಚೌಕದ ಹಾಯಿ ಬೆನ್ನಿಗೆ ಗಾಳಿ ಇದ್ದರೆ ಓಡುತ್ತದೆ. ಇದು ಪಕ್ಕದ ಗಾಳಿಯನ್ನೂ ಹಿಡಿಯುತ್ತದೆ" ಅಂದರು. ಆದರೆ ಅದಕ್ಕೂ ಒಂದು ಕಷ್ಟ ಇದೆ. ಗಾಳಿಯನ್ನು ಎಡದಿಂದ ಬಲಕ್ಕೆ ತೆಗೆದುಕೊಳ್ಳಬೇಕಾದರೆ ಹಡಗನ್ನು ಗಾಳಿಗೆ ಬೆನ್ನು ಮಾಡಿ ತಿರುಗಿಸಬೇಕು. ಆಗ ಆ ಭಾರೀ ಅಡ್ಡಮರವನ್ನು ನೆಟ್ಟಗೆ ಎತ್ತಿ, ಕಂಬದ ಮುಂದಿನಿಂದ ಆಚೆ ಬದಿಗೆ ದಾಟಿಸಬೇಕು. ಅವರು ಮಾದರಿಯಲ್ಲಿ ಎರಡು ಬೆರಳಿನಿಂದ ದಾಟಿಸಿ ತೋರಿಸಿದರು. "ಇಷ್ಟಕ್ಕೇ ಇಪ್ಪತ್ತು ಜನ, ಅದೂ ಅಲೆಯಲ್ಲಿ, ಕತ್ತಲಲ್ಲಿ. ಎಂಜಿನ್‌ಗೆ ಒಬ್ಬ ಡ್ರೈವರ್ ಸಾಕು." ಹಾಯಿ ಯಾಕೆ ಹೋಯಿತು ಅಂತ ನಾನು ಕೇಳುವ ಮೊದಲೇ ಉತ್ತರ ಸಿಕ್ಕಿತ್ತು.

ಗಾಳಿಯೇ ಪಂಚಾಂಗ ಆಗಿದ್ದ ಕಾಲ ಅದು. ಚಳಿಗಾಲದ ಈಶಾನ್ಯ ಗಾಳಿ ಹಿಡಿದು ಆಫ್ರಿಕಾ, ಅರಬ್ ಕಡೆ ಹೋಗುವುದು. ನೈಋತ್ಯದ ಗಾಳಿ ಏಳುತ್ತಿದ್ದಂತೆ, ಮಳೆ ಜೋರಾಗುವ ಮೊದಲು ಮನೆ ಸೇರುವುದು. ಮಳೆಗಾಲದಲ್ಲಿ ಹಡಗು ದಡಕ್ಕೆ. ಶ್ರಾವಣದ ಹುಣ್ಣಿಮೆಗೆ ಕಡಲಿಗೆ ತೆಂಗಿನಕಾಯಿ ಬಿಟ್ಟ ಮೇಲೆ ಮತ್ತೆ ಶುರು. "ನಮ್ಮಲ್ಲಿ ನೂಲ ಹುಣ್ಣಿಮೆಗೆ ಇದೇ ಮಾಡ್ತೇವೆ" ಅಂದೆ. ಅವರಿಗೇನೂ ಆಶ್ಚರ್ಯ ಆಗಲಿಲ್ಲ, ಕಡಲು ಒಂದೇ ಅಲ್ವಾ ಅನ್ನುವ ಹಾಗೆ ನೋಡಿದರು. 1498ರಲ್ಲಿ ಆಫ್ರಿಕಾದ ಮಲಿಂದಿಯಿಂದ ವಾಸ್ಕೋ ಡ ಗಾಮಾನಿಗೆ ದಾರಿ ತೋರಿಸಿ, ಮೂರು ಚಿಲ್ಲರೆ ವಾರದಲ್ಲಿ ಕಲ್ಲಿಕೋಟೆ ಮುಟ್ಟಿಸಿದ ಮಾಲಮಿ ಮಾಂಡ್ವಿಯವನು, ಹೆಸರು ಕಾನ್ಜಿ ಅನ್ನುವುದು ಈ ಊರಲ್ಲಿ ಎಲ್ಲರ ಬಾಯಲ್ಲೂ ಇರುವ ಮಾತು. ಮಾಲಮಿ ಅಂದರೆ ದಾರಿ ಬಲ್ಲವನು, ನಕ್ಷತ್ರ ನೋಡಿ ಹಡಗು ನಡೆಸುವವನು. ಆ ಕಥೆಯನ್ನು ಒಪ್ಪದವರೂ ಇದ್ದಾರೆ. ಊರಲ್ಲಿ ನಿಂತು ವಾದ ಮಾಡಬೇಡಿ, ಚಹಾ ಸಿಗುವುದಿಲ್ಲ.

ನಡುವೆ ಭುಜ್‌ಗೆ ಹೋಗಿದ್ದೆವು. ಅಲ್ಲಿ ಆಯಿನಾ ಮಹಲ್ ಮಾತ್ರ ಬಿಡಬೇಡಿ. ಹದಿನೆಂಟನೇ ಶತಮಾನದಲ್ಲಿ ರಾಜ ಲಖಪತ್‌ಜಿಗೆ ಅದನ್ನು ಕಟ್ಟಿಕೊಟ್ಟವನು ರಾಮಸಿಂಗ್ ಮಾಲಮ್. ಹಡಗು ಒಡೆದು ಡಚ್ಚರ ಕೈಗೆ ಸಿಕ್ಕಿ, ಹಾಲೆಂಡಿನಲ್ಲಿ ವರ್ಷಗಟ್ಟಲೆ ಇದ್ದು ಗಾಜು, ಹೆಂಚು, ಗಡಿಯಾರದ ಕೆಲಸ ಕಲಿತು ಬಂದನಂತೆ. 2001ರ ಭೂಕಂಪದಲ್ಲಿ ಪೆಟ್ಟು ತಿಂದ ಕಟ್ಟಡ. ನೀಲಿ-ಬಿಳಿ ಹೆಂಚಿನ ನೆಲದ ಮೇಲೆ ಕೂತು ಫೋಟೊ ತೆಗೆಸಿಕೊಳ್ಳುವವರ ಸಾಲು ಮುಗಿಯುವವರೆಗೆ ಕಾಯಬೇಕು, ಬೆಳಿಗ್ಗೆಯೇ ಹೋಗಿ.

ಲಾಭ ಪಂಚಮಿಯ ದಿನ ಮತ್ತೆ ಮಾಂಡ್ವಿಗೆ ಬಂದೆವು. ರಸೀದಿಯವನು ನಾಪತ್ತೆ. ಒಂದು ಹಡಗಿನ ಮೂತಿಗೆ ಹೂವಿನ ಹಾರ ಬಿದ್ದಿತ್ತು, ಐದಾರು ಜನ ಕೆಲಸ ಶುರು ಮಾಡಿದ್ದರು. ಆ ಬೆಳಿಗ್ಗೆಯ ಎರಡು ಗಂಟೆಗಾಗಿ ಮತ್ತೆ ಆ ಬಸ್ಸನ್ನೇ ಬೇಕಾದರೂ ಹತ್ತುತ್ತೇನೆ.

ಒಬ್ಬ ಹುಡುಗ ಹಲಗೆಗೆ ಮೊಳೆ ಹೊಡೆಯುತ್ತಿದ್ದ. ಮೊಳೆ ನನ್ನ ಮೊಳಕೈಯಷ್ಟು ಉದ್ದ. ಮೊದಲು ಡ್ರಿಲ್ಲಿನಲ್ಲಿ ತೂತು. ಆಮೇಲೆ ಮೊಳೆಯ ತಲೆಯ ಕೆಳಗೆ ಎಣ್ಣೆ ಹಚ್ಚಿದ ಹತ್ತಿಯ ಎಳೆಯನ್ನು ಎರಡು ಸುತ್ತು ಸುತ್ತಿದ, ಬತ್ತಿ ಹೊಸೆಯುವ ಹಾಗೆ. ಮೊಳೆ ಒಳಗೆ ಹೋದಾಗ ಹತ್ತಿ ತೂತಿನ ಬಾಯಿಯಲ್ಲಿ ಹಿಂಡಿಕೊಂಡು ಕೂರುತ್ತದೆ, ನೀರು ಒಳಗೆ ಬರುವುದಿಲ್ಲ. ಹಲಗೆ-ಹಲಗೆಯ ಸಂದಿಗೂ ಅದೇ ಹತ್ತಿ. ಉಳಿಯಂಥ ಕಬ್ಬಿಣ ಇಟ್ಟು ಮರದ ಸುತ್ತಿಗೆಯಿಂದ ಟಕ್ ಟಕ್ ಅಂತ ತುಂಬುತ್ತಾ ಹೋಗುತ್ತಾರೆ. ಹಲಗೆ ಮಲೇಷ್ಯಾದಿಂದ ಬಂದ ಮರ. ಒಳಗಿನ ಪಕ್ಕೆಲುಬಿಗೆ ಮಾತ್ರ ಊರಿನ ಜಾಲಿ, ಅದೂ ತಾನಾಗಿ ಬಾಗಿ ಬೆಳೆದ ಕೊಂಬೆಯೇ ಬೇಕು. ಮಿಸ್ತ್ರಿ ರಾಶಿಯಿಂದ ಒಂದು ಕೊಂಬೆ ಎತ್ತಿ, ಹಡಗಿನ ಹತ್ತಿರ ಹಿಡಿದು, ತಲೆ ಅಲ್ಲಾಡಿಸಿ ಬಿಸಾಡಿ ಇನ್ನೊಂದು ಎತ್ತಿದರು. ನಕ್ಷೆ ಎಲ್ಲಿ ಅಂತ ತಮ್ಮ ಕೇಳಿದ್ದಕ್ಕೆ ಅವರು ತಮ್ಮ ಹಣೆ ಮುಟ್ಟಿ ತೋರಿಸಿದರು. ಒಂದು ಹಡಗಿಗೆ ಎರಡು-ಮೂರು ವರ್ಷ. ಹುಣ್ಣಿಮೆ, ಅಮಾವಾಸ್ಯೆಯ ದೊಡ್ಡ ಭರತಕ್ಕೆ ಕಾದು ನೀರಿಗೆ ಇಳಿಸುತ್ತಾರೆ. ಅದನ್ನು ನೋಡುವ ಆಸೆ ಇದ್ದರೆ ತಿಥಿ ನೋಡಿ, ಮಿಸ್ತ್ರಿಯನ್ನು ಮುಂಚೆ ವಿಚಾರಿಸಿ ಹೋಗಿ. ಸುಮ್ನೆ ಹೋಗುವವರೂ ಇಳಿತದ ಹೊತ್ತು ಬೇಡ, ನದಿಯೆಲ್ಲಾ ಕೆಸರು, ನಾತ.

ಹಾಯಿಯನ್ನೇ ನೋಡಬೇಕು ಅನ್ನುವವರಿಗೆ ಮಾಂಡ್ವಿ ಅಲ್ಲ. ಈಗಿನ ಕಾಲದಲ್ಲಿ ಎಂಜಿನ್ ಇಲ್ಲದೆ ಹೊರಟದ್ದು ನೌಕಾಪಡೆಯ ಕೌಂಡಿನ್ಯ. ಅಜಂತಾದ ಐದನೇ ಶತಮಾನದ ಚಿತ್ರ ನೋಡಿ ಕಟ್ಟಿದ್ದು. ಮೊಳೆ ಹೊಡೆಯದೆ ಹಲಗೆಗಳನ್ನು ತೆಂಗಿನ ನಾರಿನ ಹಗ್ಗದಲ್ಲಿ ಹೊಲಿದಿದ್ದಾರೆ. ಮೊಳೆ ಬರುವ ಮೊದಲು ಅರಬ್ಬಿ ಸಮುದ್ರದ ಹೆಚ್ಚಿನ ಹಡಗುಗಳನ್ನು ಹೀಗೇ ಹೊಲಿಯುತ್ತಿದ್ದರು. 2025ರ ಮೇ 21ರಂದು ನೌಕಾಪಡೆಗೆ ಸೇರಿಸಿಕೊಂಡದ್ದು ನಮ್ಮ ಕಾರವಾರದಲ್ಲೇ. ಹಾಯಿಯ ಮೇಲೆ ಗಂಡಭೇರುಂಡ ಬೇರೆ. ನಾವು ಊರಿಗೆ ಬಂದ ಮೇಲೆ, ಡಿಸೆಂಬರ್ 29ರಂದು ಪೋರಬಂದರಿನಿಂದ ಹೊರಟು ಜನವರಿ 14ಕ್ಕೆ ಮಸ್ಕತ್ ಮುಟ್ಟಿತು. ಆದರೆ ಅದು ಪ್ರವಾಸಿಗಳು ಟಿಕೆಟ್ ತೆಗೆದು ನೋಡುವ ಹಡಗಲ್ಲ, ಟಿವಿಯಲ್ಲಿ ನೋಡಿಕೊಂಡೆವು.

ಭುಜ್‌ನಿಂದ ಮಾಂಡ್ವಿಗೆ 60 ಕಿಲೋಮೀಟರ್. ರೂಮು ಭುಜ್‌ನಲ್ಲೇ ಮಾಡಿ, ಬೆಳಿಗ್ಗೆ ಹೋಗಿ ಸಂಜೆ ಬನ್ನಿ. ಡಿಸೆಂಬರ್, ಜನವರಿಯಲ್ಲಿ ಕಚ್ಛದ ಉಪ್ಪಿನ ಬಯಲಲ್ಲಿ ನಡೆಯುವ ರಣ್ ಉತ್ಸವದ ಜನ ಭುಜ್ ತುಂಬುತ್ತಾರೆ. ನನ್ನನ್ನು ಕೇಳಿದರೆ ಲಾಭ ಪಂಚಮಿ ಕಳೆದು ಒಂದು ವಾರ ಬಿಟ್ಟು ಹೋಗುವುದೇ ಸರಿ. ಸರ್ಕಾರಿ ಬಸ್ಸೂ ಇದೆ, ಶಟಲ್ ಜೀಪೂ ಇದೆ. ಜೀಪು ಬೇಗ ಹೋಗುತ್ತದೆ, ತುಂಬಿದ ಮೇಲೆ ಮಾತ್ರ ಹೊರಡುತ್ತದೆ. ಡ್ರೈವರ್ ಪಕ್ಕದ ಸೀಟು ಖಾಲಿ ಕಂಡರೆ ಖುಷಿಯಿಂದ ಹತ್ತಬೇಡಿ. ಅಲ್ಲಿ ಇನ್ನೂ ಇಬ್ಬರನ್ನು ತುರುಕುತ್ತಾರೆ, ಗೇರು ಹಾಕಿದಾಗಲೆಲ್ಲ ನಿಮ್ಮ ಮಂಡಿಗೇ ಬಡಿಯುತ್ತದೆ.