‘ಹೆಂಗ ಮಾಡಿದಿ ಅಂತ ಕೇಳಿದಿ ಏನು?’

ನಾನು ವಿಜಯಪುರದ ಕಾಲೇಜೊಂದರಲ್ಲಿ ಬಿ.ಎಡ್. ಓದಿದ್ದು 2003–04ನೇ ಸಾಲಿನಲ್ಲಿ. ಆಗಿನ್ನೂ ಆ ಊರಿನ ಹೆಸರು ಬಿಜಾಪುರವೆಂದೇ ಇತ್ತು. ಕೋರ್ಸು ಒಂದೇ ವರ್ಷದ್ದಾಗಿತ್ತು. ಆ ಒಂದು ವರ್ಷದಲ್ಲಿ ಕಲಿತದ್ದರಲ್ಲಿ ಯಾವುದು ಇಂದಿಗೂ ದಿನನಿತ್ಯ ಕೈಗೊದಗುತ್ತದೆ ಎಂದು ಯಾರಾದರೂ ಕೇಳಿದರೆ, ಶೈಕ್ಷಣಿಕ ಮನೋವಿಜ್ಞಾನ ಎಂದು ನಾನು ತಡವರಿಸದೆ ಹೇಳುತ್ತೇನೆ. ಪರೀಕ್ಷೆಗೆಂದು ಬಾಯಿಪಾಠ ಮಾಡಿದ ಮನೋವಿಜ್ಞಾನಿ ಥಾರ್ನ್‌ಡೈಕನ ಕಲಿಕೆಯ ನಿಯಮಗಳನ್ನು ಕುರಿತು ಈ ಮಾತು ಹೇಳುತ್ತಿಲ್ಲ. ಆ ವಿಷಯ ಕಲಿಸುತ್ತಿದ್ದ ನಮ್ಮ ಗುರುಗಳು ನಮ್ಮಿಂದ ಮಾಡಿಸಿದ ಕೆಲಸವನ್ನು ನೆನೆದು ಹೇಳುತ್ತಿದ್ದೇನೆ.

ಶಾಲೆಗೆ ಹೋಗಿ ಕಲಿಸಿ ನೋಡುವ ಅಭ್ಯಾಸ ಪಾಠಕ್ಕೆ ನನಗೆ ಸಿಕ್ಕಿದ್ದು ಊರಂಚಿನ ಪ್ರೌಢಶಾಲೆಯೊಂದರ 8ನೇ ತರಗತಿ. ಲಾಭ–ನಷ್ಟದ ಲೆಕ್ಕ ಕೊಟ್ಟಿದ್ದೆ. ಅದರ ನಡುವೆ 402ರಲ್ಲಿ 176 ಕಳೆಯಬೇಕಾಗಿತ್ತು. ಕಿಟಕಿಯ ಪಕ್ಕ ಕುಳಿತಿದ್ದ ಹುಡುಗಿಯೊಬ್ಬಳು ಅಂದವಾದ ಅಂಕಿಗಳಲ್ಲಿ 374 ಎಂದು ಬರೆದಿದ್ದಳು. ನಾನು ಕೆಂಪು ಶಾಯಿಯಲ್ಲಿ ಅಡ್ಡಗೆರೆ ಎಳೆದು, ಪಕ್ಕದಲ್ಲಿ 226 ಎಂದು ಬರೆದು ಮುಂದಿನ ವಹಿಗೆ ಕೈ ಹಾಕಿದೆ. ಕೊನೆಯ ಬೆಂಚಿನಲ್ಲಿ ಪಾಠ ವೀಕ್ಷಣೆಗೆ ಕುಳಿತಿದ್ದ ಗುರುಗಳು ಗಂಟೆಯಾದ ಮೇಲೆ ನನ್ನನ್ನು ಬೇವಿನ ಗಿಡದ ಕೆಳಗೆ ಕರೆದರು. ‘ತಮ್ಮಾ, ಆಕಿ ತಪ್ಪು ಮಾಡ್ಯಾಳ, ಖರೇ. ಆದ್ರ ಹೆಂಗ ಮಾಡಿದಿ ಅಂತ ಆಕಿನ್ನ ಕೇಳಿದಿ ಏನು?’

ಕೇಳಿರಲಿಲ್ಲ. ಮರುದಿನ ಕೇಳಿದೆ. ಆಕೆ ಹೆದರುತ್ತಲೇ, ‘ದೊಡ್ಡದರಾಗ ಸಣ್ಣದು ಕಳೀಬೇಕು ಅಂತ ಹೇಳಿಕೊಟ್ಟಾರ್ರೀ ಸರ’ ಎಂದಳು. ಆಗ ನನಗೆ ಆ 374 ಹುಟ್ಟಿದ ಬಗೆ ಕಂಡಿತು. ಬಿಡಿ ಸ್ಥಾನದಲ್ಲಿ ಆರರಲ್ಲಿ ಎರಡು ಕಳೆದು ನಾಲ್ಕು, ಹತ್ತರ ಸ್ಥಾನದಲ್ಲಿ ಏಳರಲ್ಲಿ ಸೊನ್ನೆ ಕಳೆದು ಏಳು, ನೂರರಲ್ಲಿ ಮೂರು. ಕೆಳಗಿನ ತರಗತಿಯಲ್ಲಿ ಎಂದೋ ಕೇಳಿದ ಒಂದು ಸೂತ್ರವನ್ನು ಆಕೆ ಪ್ರತಿ ಸ್ಥಾನಕ್ಕೂ ನಿಷ್ಠೆಯಿಂದ ಅನ್ವಯಿಸಿದ್ದಳು. ಅದು ಅಜಾಗರೂಕತೆಯಾಗಿರಲಿಲ್ಲ, ದಡ್ಡತನವಂತೂ ಅಲ್ಲವೇ ಅಲ್ಲ. 1978ರಲ್ಲಿ ಬ್ರೌನ್ ಮತ್ತು ಬರ್ಟನ್ ಎಂಬ ಸಂಶೋಧಕರು ಮಕ್ಕಳ ವ್ಯವಕಲನದ ತಪ್ಪುಗಳನ್ನು ಬಿಡಿಸಿ ನೋಡಿ, ಅವುಗಳಲ್ಲಿ ಬಹಳಷ್ಟು ಹೀಗೆಯೇ ಒಂದು ತಪ್ಪು ಕ್ರಮವನ್ನು ತಪ್ಪದೆ ಪಾಲಿಸಿದ ಫಲವೆಂದು ತೋರಿಸಿದ್ದರು ಎಂಬುದನ್ನು ಗುರುಗಳು ಆ ವಾರದ ತರಗತಿಯಲ್ಲಿ ವಿವರಿಸಿದರು.

ಆ ಹುಡುಗಿಯ ತಾಯಿ ಸಂತೆಯಲ್ಲಿ ಲಿಂಬೆಹಣ್ಣು ಮಾರುತ್ತಿದ್ದಳು. ರಜೆಯ ದಿನ ದುಡ್ಡಿನ ಗಲ್ಲೆಯ ಮುಂದೆ ಮಗಳೂ ಕೂರುತ್ತಿದ್ದಳು. ಇದು ತಿಳಿದ ಮೇಲೆ ಗುರುಗಳು ಅವಳನ್ನೇ ಕೇಳಿದರು: ‘ನಿನ್ನ ಕಡೆ ನಾನೂರಾ ಎರಡು ರೂಪಾಯಿ ಅದಾವ. ನೂರಾ ಎಪ್ಪತ್ತಾರು ಕೊಟ್ಟಿ. ಎಷ್ಟು ಉಳೀತು?’ ಆಕೆ ಪೆನ್ನು ಮುಟ್ಟಲಿಲ್ಲ. ನೂರಾ ಎಪ್ಪತ್ತಾರಕ್ಕೆ ಇಪ್ಪತ್ನಾಲ್ಕು ಕೂಡಿದರೆ ಇನ್ನೂರು, ಅಲ್ಲಿಂದ ಮೇಲೆ ಇನ್ನೂರಾ ಎರಡು, ಒಟ್ಟು ಇನ್ನೂರಾ ಇಪ್ಪತ್ತಾರು ಎಂದು, ಗಿರಾಕಿಗೆ ಚಿಲ್ಲರೆ ಎಣಿಸಿ ಕೊಡುವ ರೀತಿಯಲ್ಲಿ, ಸರಿಯಾಗಿ ಹೇಳಿದಳು.

ಇದಕ್ಕೆ ಹತ್ತಿರದ ಒಂದು ಅಧ್ಯಯನವನ್ನು ನಾನು ಆಮೇಲೆ ಓದಿದೆ. ಬ್ರೆಜಿಲ್ ದೇಶದ ರೆಸಿಫೆ ನಗರದ ಬೀದಿಗಳಲ್ಲಿ ವ್ಯಾಪಾರ ಮಾಡುತ್ತಿದ್ದ 9ರಿಂದ 15 ವರ್ಷದ ಐವರು ಮಕ್ಕಳನ್ನು ಕುರಿತು ಕರ‍್ರಾಹರ್ ದಂಪತಿ ಮತ್ತು ಶ್ಲೀಮನ್ ಎಂಬ ಸಂಶೋಧಕರು 1985ರಲ್ಲಿ ಬರೆದದ್ದು ಅದು. ಬೀದಿಯಲ್ಲಿ ಗಿರಾಕಿಯಾಗಿ ಕೇಳಿದ ಲೆಕ್ಕಗಳಲ್ಲಿ ಆ ಮಕ್ಕಳು ಶೇ. 98ರಷ್ಟು ಸರಿಯಾಗಿ ಹೇಳಿದರು. ಅದೇ ಬಗೆಯ ಲೆಕ್ಕಗಳನ್ನು ಬರಿಯ ಅಂಕಿಗಳಾಗಿ ಮುಂದಿಟ್ಟಾಗ ಅದು ಶೇ. 37ಕ್ಕೆ ಇಳಿಯಿತು. ಐದೇ ಮಕ್ಕಳ ಅಧ್ಯಯನ ಎನ್ನುವುದನ್ನು ಮರೆಯಬಾರದು. ಆದರೂ ಅದನ್ನು ಓದಿದ ರಾತ್ರಿ ನನಗೆ ಲಿಂಬೆಹಣ್ಣಿನ ಗಲ್ಲೆಯ ಮುಂದೆ ಕುಳಿತ ಹುಡುಗಿಯೇ ಕಣ್ಣ ಮುಂದೆ ಬಂದಳು.

ಆದರೆ ಗುರುಗಳು ಸಂತೆಯ ಲೆಕ್ಕದಲ್ಲಿಯೇ ನಿಲ್ಲಲು ಬಿಡಲಿಲ್ಲ. ಬಾಯಿಲೆಕ್ಕ ಬಂದರೆ ಸಾಕು ಎಂದುಕೊಂಡರೆ ಆ ಮಗುವಿಗೆ ಮುಂದಿನ ಬೀಜಗಣಿತದ ಬಾಗಿಲು ಮುಚ್ಚಿದಂತೆ ಎಂಬುದು ಅವರ ನಿಲುವು, ನನ್ನದೂ ಅದೇ. ಕಸಬರಿಗೆಯ ಕಡ್ಡಿಗಳನ್ನು ಒಂದೇ ಅಳತೆಗೆ ಮುರಿದು, ಹತ್ತರ ಕಟ್ಟು ಮತ್ತು ನೂರರ ಕಟ್ಟು ಮಾಡಿಕೊಂಡು ಹೋದೆ. ನೂರರ ಕಟ್ಟು ನಾಲ್ಕು, ಬಿಡಿ ಕಡ್ಡಿ ಎರಡು. ಹತ್ತರ ಕಟ್ಟು ಒಂದೂ ಇಲ್ಲ. ಎರಡು ಕಡ್ಡಿಯಿಂದ ಆರು ತೆಗೆಯಲು ಬರುವುದಿಲ್ಲವೆಂದು ಆಕೆ ಬಹಳ ಹೊತ್ತು ಸುಮ್ಮನೆ ಕುಳಿತಳು. ನಾನು ಹೇಳಿಕೊಡಲು ಬಾಯಿ ತೆರೆದಾಗ ಗುರುಗಳು ಕಣ್ಣಿನಿಂದಲೇ ತಡೆದರು. ಕೊನೆಗೆ ಆಕೆಯೇ ಒಂದು ನೂರರ ಕಟ್ಟಿನ ದಾರ ಬಿಚ್ಚಿ, ಒಳಗಿದ್ದ ಹತ್ತು ಕಟ್ಟುಗಳನ್ನು ಸಾಲಾಗಿ ಇಟ್ಟು, ಅವುಗಳಲ್ಲೊಂದನ್ನು ಬಿಡಿ ಮಾಡಿದಳು. ಮಗು ತಾನಾಗಿ ಮಾಡಬಲ್ಲದ್ದಕ್ಕೂ ತಿಳಿದವರ ನೆರವಿನಿಂದ ಮಾಡಬಲ್ಲದ್ದಕ್ಕೂ ನಡುವೆ ಇರುವ ಜಾಗವನ್ನು ಮನೋವಿಜ್ಞಾನಿ ವೈಗೋಟ್‌ಸ್ಕಿ ಗುರುತಿಸಿದ್ದನಲ್ಲ, ಅದನ್ನು ನಾನು ಅರಿತದ್ದು ಆ ದಾರ ಬಿಚ್ಚಿದ ಕ್ಷಣದಲ್ಲಿ. ನೆರವು ಎಷ್ಟು ಕೊಡಬೇಕು ಎಂಬುದಕ್ಕಿಂತ ಯಾವಾಗ ಕೊಡದೆ ಸುಮ್ಮನಿರಬೇಕು ಎಂಬುದು ಕಷ್ಟದ ವಿದ್ಯೆ. ಅದು ನನಗೆ ಇನ್ನೂ ಪೂರ್ಣವಾಗಿ ಕೈಗೂಡಿಲ್ಲ.

ಗುರುಗಳ ತರಗತಿಯ ಮೊದಲ ಐದು ನಿಮಿಷ ವಹಿ ಮುಚ್ಚಿಡಬೇಕಾಗಿತ್ತು. ನಿನ್ನೆಯದೊಂದು, ಹೋದ ವಾರದ್ದೊಂದು, ಹೋದ ತಿಂಗಳದ್ದೊಂದು ಎಂದು ಮೂರು ಪ್ರಶ್ನೆ ಕೇಳುತ್ತಿದ್ದರು, ಅಂಕ ಕೊಡುತ್ತಿರಲಿಲ್ಲ. ಅರ್ಥವಿಲ್ಲದ ಅಕ್ಷರಗುಚ್ಛಗಳನ್ನು ತಾನೇ ಬಾಯಿಪಾಠ ಮಾಡಿ ತನ್ನ ಮರೆವನ್ನೇ ಅಳೆದ ಮನೋವಿಜ್ಞಾನಿ ಎಬ್ಬಿಂಗ್‌ಹೌಸ್ 1885ರಲ್ಲಿಯೇ, ಕಲಿತದ್ದು ಮೊದಮೊದಲು ಬೇಗ ಜಾರಿಹೋಗುತ್ತದೆ, ಬಿಡುವು ಕೊಟ್ಟು ಮತ್ತೆ ಕಲಿತರೆ ಹೆಚ್ಚು ನಿಲ್ಲುತ್ತದೆ ಎಂದು ತೋರಿಸಿದ್ದ. ಮತ್ತೆ ಮತ್ತೆ ಓದುವುದಕ್ಕಿಂತ ನೆನಪಿನಿಂದ ಹೊರತೆಗೆಯುವುದೇ ವಾರದ ಮೇಲೂ ಉಳಿಯುತ್ತದೆಂದು ರೋಡಿಗರ್ ಮತ್ತು ಕಾರ್ಪಿಕೆ ಎಂಬ ಸಂಶೋಧಕರು ಪ್ರಯೋಗದಿಂದ ತೋರಿಸಿದ್ದು 2006ರಲ್ಲಿ, ನಾವು ಕಾಲೇಜು ಬಿಟ್ಟ ಮೇಲೆ. ಆ ಮೂರು ಪ್ರಶ್ನೆಗಳನ್ನು ನಾನು ಇಂದಿಗೂ ಬಿಟ್ಟಿಲ್ಲ.

ನೋವಿನ ನೆನಪೂ ಒಂದಿದೆ. ನಾನು ಮೊದಲು ಕೆಲಸಕ್ಕೆ ಸೇರಿದ ಶಾಲೆಯಲ್ಲಿ, ಅದರ ಹೆಸರು ಇಲ್ಲಿ ಬೇಡ, ಕೊನೆಯ ಸಾಲನ್ನು ಎಲ್ಲರ ಎದುರಿಗೇ ‘ದಡ್ಡರ ಸಾಲು’ ಎನ್ನುತ್ತಿದ್ದರು. ಶಿಕ್ಷಕರ ನಿರೀಕ್ಷೆಯೇ ಮಗುವಿನ ಬೆಳವಣಿಗೆಯನ್ನು ಬದಲಿಸಬಲ್ಲದೆಂದು ಸಂಶೋಧಕರಾದ ರೋಸೆಂಥಾಲ್ ಮತ್ತು ಜೇಕಬ್‌ಸನ್ 1968ರಲ್ಲಿ ವಾದಿಸಿದ್ದರು. ಆ ಪರಿಣಾಮ ಎಷ್ಟು ದೊಡ್ಡದೆಂಬ ಬಗ್ಗೆ ಮುಂದೆ ವಿದ್ವಾಂಸರಲ್ಲಿ ತಕರಾರು ಎದ್ದಿತು. ಆದರೆ ಆ ಸಾಲಿನ ಮಕ್ಕಳು ಪ್ರಶ್ನೆ ಕೇಳುವ ಮೊದಲೇ ‘ಬರೂದಿಲ್ರೀ’ ಎನ್ನುತ್ತಿದ್ದುದನ್ನು ನಾನು ಕಿವಿಯಾರೆ ಕೇಳಿದ್ದೇನೆ. ವರ್ಷಪೂರ್ತಿ ನಾನು ನನ್ನ ಗಂಟೆಯಲ್ಲಿ ವಾರಕ್ಕೊಮ್ಮೆ ಸಾಲು ಬದಲಿಸಿದೆ. ಅಷ್ಟೇ ನನ್ನಿಂದಾದದ್ದು.

ಈಗ ಬಿ.ಎಡ್. ಎರಡು ವರ್ಷದ್ದಾಗಿದೆ. ಕಳೆದ ತಿಂಗಳು ನನ್ನ 9ನೇ ತರಗತಿಯ ಹುಡುಗನೊಬ್ಬ ಎ ಕೂಡಿಸು ಬಿ ಇದರ ವರ್ಗವೆಂದರೆ ಎ ವರ್ಗ ಕೂಡಿಸು ಬಿ ವರ್ಗ ಎಂದು ಬರೆದಿದ್ದ. ಹೆಂಗ ಮಾಡಿದಿ ಎಂದು ಕೇಳಿದೆ. ‘ಎರಡರಿಂದ ಗುಣಿಸಿದ್ರ ಎರಡೂ ಕಡೆ ಹಂಚತೈತಲ್ರೀ ಸರ, ವರ್ಗನೂ ಹಂಗ ಹಂಚಿದೆ’ ಎಂದ. ನಾನು ಸೀಮೆಸುಣ್ಣದಿಂದ ನೆಲದ ಮೇಲೆ ದೊಡ್ಡದೊಂದು ಚೌಕ ಬರೆದು, ಅದರೊಳಗೆ ಒಂದು ಮೂಲೆಗೆ ಎ ವರ್ಗವನ್ನೂ ಎದುರು ಮೂಲೆಗೆ ಬಿ ವರ್ಗವನ್ನೂ ಗುರುತಿಸಿ ಸುಮ್ಮನೆ ನಿಂತೆ. ಹುಡುಗ ಮೊಣಕಾಲೂರಿ ಕುಳಿತು, ಉಳಿದ ಎರಡು ತುಂಡುಗಳ ಮೇಲೆ ಒಂದೊಂದಾಗಿ ಅಂಗೈ ಇಟ್ಟ.