ಒಂದೇ ಮಾತಿನ ಪಾರ್ಟು

ಗುನ್ನೆಲ್ ಲಿಂಡ್‌ಬ್ಲೂಮ್ ಅಂದ್ರ ನಮ್ಮ ಗದಗಿನಾಗ ಯಾರಿಗೆ ಗೊತ್ತಿರ್ತದ ಹೇಳ್ರಿ, ನನಗೂ ಗೊತ್ತಿರಲಿಲ್ಲ. ಸ್ವೀಡನ್ನಿನ ನಿರ್ದೇಶಕ ಬರ್ಗ್‌ಮನ್ನನ 'ದಿ ಸೆವೆಂತ್ ಸೀಲ್' ನೋಡಾಕ ಕುಂತಿದ್ದೆ, ಒಬ್ಬ ಸರದಾರ ಸಾವಿನ ಜೋಡಿ ಚೆಸ್ ಆಡ್ತಾನಲ್ಲ, ಆ ಸೀನ್ ಸಲುವಾಗಿ. ಸಿನಿಮಾ ಮುಗಿದ್ಮ್ಯಾಲ ಕಣ್ಣಾಗ ಉಳಿದಾಕಿ ಬ್ಯಾರೇನ, ಒಬ್ಬಾಕಿ ಹುಡುಗಿ, ಆಕಿಗೆ ಸಿನಿಮಾದಾಗ ಹೆಸರೂ ಇಲ್ಲ. ಪ್ಲೇಗ್ ಬಂದು ಹಾಳು ಬಿದ್ದ ಊರಾಗ ಸಿಗ್ತಾಳ, ಸರದಾರನ ಸೇವಕನ ಬೆನ್ನಹತ್ತಿ ಬರ್ತಾಳ, ಒಂದು ಮಾತೂ ಆಡಂಗಿಲ್ಲ. ಕಡೀಕ ಸಾವು ಬಂದು ಎದುರಿಗೆ ನಿಂತಾಗ ಸರದಾರ ದೇವರನ್ನ ಕರೀತಾನ, ಸೇವಕ ವಾದಾ ಮಾಡ್ತಾನ, ಈಕಿ ಮಾತ್ರ ಮೊಣಕಾಲೂರಿ, ಕಣ್ತುಂಬ ನೀರ ತಂದು, ಮುಖಾ ಅರಳಿಸಿ "ಮುಗೀತು" ಅಂತಾಳ. ಯೇಸು ಶಿಲುಬಿ ಮ್ಯಾಲ ಆಡಿದ ಮಾತದು. 1957ರ ಸಿನಿಮಾ, ಆ ಪಾರ್ಟು ಮಾಡಿದ ಗುನ್ನೆಲ್‌ಗೆ ಆಗ ಇಪ್ಪತ್ತೈದರ ಆಜೂಬಾಜೂ.

ನಮ್ಮ ಅತ್ತಿ ಹಿಂದ ಕಂಪನಿ ನಾಟಕದಾಗ ಪಾರ್ಟು ಮಾಡಿದಾಕಿ. ಬನಶಂಕರಿ ಜಾತ್ರಿ ಬಂತಂದ್ರ ತಿಂಗಳಗಟ್ಲೆ ಅಲ್ಲೇ ಮುಕ್ಕಾಂ. ನಾಯಕಿ ಪಾರ್ಟು ಆಕಿಗೆ ಸಿಕ್ಕಿದ್ದು ಕಡಿಮಿ, ದಾಸಿ, ನೆರಮನಿಯಾಕಿ, ಸುಮ್ಮನ ನಿಂದ್ರು ಪಾರ್ಟೇ ಭಾಳ. "ಮಾತಿದ್ರ ಮಾತಿನ ಮ್ಯಾಲ ಹೋಗಿಬಿಡಬಹುದು ಯವ್ವಾ, ಸುಮ್ಮನ ನಿಂತಾಗ ಕೈ ಎಲ್ಲಿ ಇಡಬೇಕು ಅನ್ನೂದ ತಿಳಿಯಂಗಿಲ್ಲ" ಅಂತಿರ್ತಾಳ. ಅದಕ್ಕ ಈ ಗುನ್ನೆಲ್ ಕೈ ನೋಡಾಕ ನಾನು ಮತ್ತೊಮ್ಮೆ ಸಿನಿಮಾ ಹಾಕಿದೆ.

ಗುನ್ನೆಲ್ ಹುಟ್ಟಿದ್ದು 1931ರಾಗ, ಸ್ವೀಡನ್ನಿನ ಗೋಥೆನ್‌ಬರ್ಗ್‌ನಾಗ. ಅಲ್ಲಿನ ಸಿಟಿ ಥೇಟರಿನಾಗ ಕಲಿತು, ಮುಂದ ಮಾಲ್ಮೋದಾಗ ಬರ್ಗ್‌ಮನ್ ತಂಡ ಸೇರಿದ್ಲು. ಆತ ಚಳಿಗಾಲದಾಗ ನಾಟಕಾ ಮಾಡಿಸಿ, ಬ್ಯಾಸಿಗಿ ಬಂತಂದ್ರ ಅದೇ ಮಂದಿನ್ನ ಕಟಗೊಂಡು ಶೂಟಿಂಗಿಗೆ ಹೋಗ್ತಿದ್ದ, ಅಂದ್ರ ಅದೂ ಒಂಥರಾ ಕಂಪನೀನ ನೋಡ್ರಿ, ಇವತ್ತು ಸ್ಟೇಜ್ ಮ್ಯಾಲ ಒಂದು ಪಾರ್ಟು, ನಾಳೆ ಕ್ಯಾಮೆರಾ ಮುಂದ ಇನ್ನೊಂದು, ಹಿರೇದು ಸಣ್ಣದು ಅಂತ ನೋಡಂಗಿಲ್ಲ.

ನನಗ ಕೇಳಿದ್ರ ಆಕಿ ಎಲ್ಲಾಕಿಂತ ಛಲೋ ಮಾಡಿದ್ದು 1960ರ 'ದಿ ವರ್ಜಿನ್ ಸ್ಪ್ರಿಂಗ್'ನಾಗ. ಆಕಿ ಅಲ್ಲಿ ಇಂಗೇರಿ, ಮದುವಿಯಿಲ್ಲದ ಬಸುರಾದ ಕೆಲಸದಾಕಿ. ಮನಿ ಮಗಳ ಮ್ಯಾಲ ಆಕಿಗೆ ಹೊಟ್ಟಿಕಿಚ್ಚು, ಬುತ್ತಿ ರೊಟ್ಟಿಯೊಳಗ ಕಪ್ಪಿ ಇಟ್ಟು ಕಳಸ್ತಾಳ. ಅಡವ್ಯಾಗ ಆ ಹುಡುಗಿಗೆ ಅನ್ಯಾಯ ಆಗೂ ಹೊತ್ತಿನಾಗ ಈಕಿ ಮರಿಗೆ ನಿಂತು ನೋಡ್ತಿರ್ತಾಳ, ಕೈಯಾಗ ಕಲ್ಲು ಹಿಡದಾಳ, ಒಗಿಯಂಗಿಲ್ಲ, ಕಲ್ಲು ಕೈಬಿಟ್ಟು ಕೆಳಗ ಬೀಳ್ತದ. ಆ ಕೈ ಸಡಿಲಾಗೂದನ್ನ ನೋಡ್ರಿ, ನನಗಂತೂ ಎದಿ ಝಲ್ ಅಂತು.

1963ರ 'ದಿ ಸೈಲೆನ್ಸ್'ನಾಗ ಅಕ್ಕತಂಗ್ಯಾರೊಳಗ ತಂಗಿ ಪಾರ್ಟು ಮಾಡ್ಯಾಳ, ಅದು ಆಕಿ ದೊಡ್ಡ ಪಾರ್ಟು. ಆಮ್ಯಾಲ ಸ್ಟಾಕ್‌ಹೋಮ್‌ನ ಡ್ರಾಮಾಟೆನ್ ಸೇರಿದ್ಲು, ಅದು 1788ರಾಗ ರಾಜ ಮೂರನೇ ಗುಸ್ತಾವ್ ಸ್ಥಾಪಿಸಿದ ರಾಷ್ಟ್ರೀಯ ರಂಗಮಂದಿರ. ಅಲ್ಲಿ ಪಾರ್ಟೂ ಮಾಡಿದ್ಲು, ನಾಟಕಾನೂ ನಿರ್ದೇಶನ ಮಾಡಿದ್ಲು. 1977ರಾಗ ತಾನ ಒಂದು ಸಿನಿಮಾ ತಗದ್ಲು, ಹೆಸರು 'ಪ್ಯಾರಡೀಸ್‌ಟೊರ್ಗ್', ಬರ್ಗ್‌ಮನ್ ಅದಕ್ಕ ನಿರ್ಮಾಪಕ. ಕತಿ ಉಲ್ಲಾ ಇಸಾಕ್ಸನ್ ಅವರದು, ಅವರೇ 'ವರ್ಜಿನ್ ಸ್ಪ್ರಿಂಗ್'ಗೂ ಚಿತ್ರಕತಿ ಬರದವರು. ಅದರಾಗ ತಾಯಿ ಪಾರ್ಟು ಮಾಡಿದ ಬಿರ್ಗಿಟ್ಟಾ ವಾಲ್ಬೆರ್ಗ್ ಇದರಾಗೂ ಅದಾರ. ಅವತ್ತ ಯಜಮಾಂತಿ ಮುಂದ ಕೆಲಸದಾಕಿ ಆಗಿ ನಿಂತಾಕಿ, ಹದಿನೇಳು ವರ್ಷ ಕಳದು ಅದೇ ಯಜಮಾಂತಿಗೆ ಹಿಂಗ ಮಾಡ್ರಿ ಅಂತ ಹೇಳೂ ಕುರ್ಚಿಯಾಗ ಕುಂತ್ಲು! ಇದು ಗೊತ್ತಾದ ದಿನಾ ನನಗ ಭಾಳ ಖುಷಿ ಆಗಿತ್ತು.

2009ರ 'ದಿ ಗರ್ಲ್ ವಿತ್ ದಿ ಡ್ರ್ಯಾಗನ್ ಟ್ಯಾಟೂ' ಸ್ವೀಡಿಶ್ ಸಿನಿಮಾದಾಗ ಮುದುಕಿ ಇಸಾಬೆಲ್ಲಾ ಆಗಿ ಬಂದಾಳ, ಸಣ್ಣ ಪಾರ್ಟು, ಇನ್ನಷ್ಟು ಕೊಡಬೇಕಿತ್ತು ಅನ್ನಸ್ತದ. 2021ರ ಜನವರಿಯಾಗ ತೀರಿಕೊಂಡ್ಲು, 89 ವರ್ಷ.

ಮೊನ್ನೆ ರಾತ್ರಿ ಊಟ ಆದಮ್ಯಾಲ ಅತ್ತಿಗೆ ಫೋನಿನಾಗ ಆ ಕಡೀ ಸೀನ್ ತೋರಿಸಿದೆ. ಭಾಷಾ ತಿಳೀಲಿಲ್ಲ, ಆದ್ರೂ ಚಾಳೀಸ ಏರಿಸಿ ಏರಿಸಿ ಮೂರು ಸಲ ನೋಡಿದ್ಲು. ಆಮ್ಯಾಲ ಫೋನ್ ನನ್ನ ಕೈಗೆ ಕೊಟ್ಟು, ಕಟ್ಟಿ ಹಿಡದು ಸಾವಕಾಶ ಮೊಣಕಾಲೂರಿ, ಎರಡೂ ಕೈ ತೊಡಿ ಮ್ಯಾಲ ಇಟ್ಟು, "ಹಿಂಗ ಹೌದಲ್ಲ?" ಅಂತ ಕೇಳಿದ್ಲು.